ಲಿಸ್ಬನ್ನಿನ ಕಪ್ಪು-ಬಿಳಿ ಕಲ್ಲುಹಾಸು: ಅದು ಯಾಕೆ ಜಾರುತ್ತದೆ, ಅದರ ಮೇಲೆ ಹೇಗೆ ನಡೆಯಬೇಕು?

ಪ್ರಶ್ನೆ: ನನ್ನ ಮಗ ಲಿಸ್ಬನ್‌ನಲ್ಲಿ ಕೆಲಸಕ್ಕೆ ಸೇರಿದ್ದಾನೆ. ಅಕ್ಟೋಬರ್ ಕೊನೆಗೆ ನಾನು, ನಮ್ಮ ಯಜಮಾನರು, ಜೊತೆಗೆ 74 ವರ್ಷದ ನಮ್ಮ ಅತ್ತೆ ಅಲ್ಲಿಗೆ ಹೊರಟಿದ್ದೇವೆ. ಅಲ್ಲಿನ ಫುಟ್‌ಪಾತ್ ತುಂಬಾ ಕಪ್ಪು-ಬಿಳಿ ಕಲ್ಲಿನ ಚಿತ್ತಾರವಂತೆ. ನೋಡೋಕೆ ಚೆಂದ, ಆದರೆ ಮಳೆ ಬಂದರೆ ವಿಪರೀತ ಜಾರುತ್ತದೆ ಅಂತ ಮಗ ಹೇಳುತ್ತಾನೆ. ಅತ್ತೆಗೆ ಮಂಡಿನೋವು, ಕೋಲು ಹಿಡಿದು ನಡೆಯುತ್ತಾರೆ. ಅದು ಯಾವ ಕಲ್ಲು? ಅಷ್ಟು ಜಾರುವುದಾದರೆ ಸಿಮೆಂಟ್ ಹಾಕಿಬಿಡಬಹುದಲ್ವಾ? ನಾವು ಎಂಥ ಚಪ್ಪಲಿ ತೆಗೆದುಕೊಂಡು ಹೋಗಬೇಕು?
– ಓದುಗರೊಬ್ಬರು, ಹಾಸನ

ಉತ್ತರ: ಅತ್ತೆಯವರನ್ನು ಧೈರ್ಯವಾಗಿ ಕರೆದುಕೊಂಡು ಹೋಗಿ. ಆದರೆ ಎಲ್ಲಿ ನಡೆಸಬೇಕು, ಎಲ್ಲಿ ಬಸ್ಸು ಹತ್ತಿಸಬೇಕು ಅನ್ನುವುದನ್ನು ಮೊದಲೇ ಯೋಚಿಸಿಕೊಳ್ಳಿ. ಲಿಸ್ಬನ್ ಗುಡ್ಡಗಳ ಮೇಲೆ ಕಟ್ಟಿದ ಊರು. ಸಮತಟ್ಟಾದ ಜಾಗದಲ್ಲಿ, ಒಣಗಿದ ದಿನ, ಚೆನ್ನಾಗಿ ಹಾಸಿದ ಈ ಕಲ್ಲಿನ ಮೇಲೆ ನಡೆಯುವುದು ಕಷ್ಟವೇ ಅಲ್ಲ. ಇಳಿಜಾರು, ಸವೆದ ಕಲ್ಲು, ತುಂತುರು ಮಳೆ ಈ ಮೂರೂ ಒಟ್ಟಿಗೆ ಸೇರಿದಾಗ ಮಾತ್ರ ಗಟ್ಟಿಮುಟ್ಟಾದವರೂ ಜಾರುತ್ತಾರೆ. ನಿಮ್ಮ ಮಗ ಹೇಳಿದ್ದರಲ್ಲಿ ತಪ್ಪೇನಿಲ್ಲ.

ಈ ಕಲ್ಲುಹಾಸಿಗೆ ಅಲ್ಲಿ ಕಲ್ಸಾದಾ ಅನ್ನುತ್ತಾರೆ. ಇದನ್ನು ಹಾಸುವ ಕೆಲಸಗಾರ ಕಲ್ಸೆತೈರು. ಕಲ್ಲು ಸುಣ್ಣದಕಲ್ಲು. ಬಿಳಿಯದೂ ಅದೇ, ಕಪ್ಪು ಕಾಣುವುದೂ ಹೆಚ್ಚಿನ ಕಡೆ ಅದೇ ಜಾತಿಯದು. ಕೆಲವು ಕಡೆ ಕಪ್ಪಿಗೆ ಬಸಾಲ್ಟ್ ಬಳಸಿದ್ದಾರೆ. ಅಟ್ಲಾಂಟಿಕ್ ಸಾಗರದ ನಡುವೆ ಇರುವ ಪೋರ್ಚುಗಲ್‌ನ ಅಝೋರ್ಸ್ ದ್ವೀಪಗಳಲ್ಲಿ ಜ್ವಾಲಾಮುಖಿಯ ಬಸಾಲ್ಟ್ ಬೇಕಾದಷ್ಟು ಸಿಗುತ್ತದೆ. ಹಾಗಾಗಿ ಅಲ್ಲಿ ಲೆಕ್ಕ ಉಲ್ಟಾ: ನೆಲ ಕಪ್ಪು, ಚಿತ್ತಾರ ಬಿಳಿ. ಲಿಸ್ಬನ್ನಿಗೆ ಬರುವ ಒಳ್ಳೆಯ ಸುಣ್ಣದಕಲ್ಲು ಉತ್ತರಕ್ಕಿರುವ ಐರ್ ಮತ್ತು ಕಾಂದಿಯೈರುಸ್ ಬೆಟ್ಟಸಾಲಿನದು. ಜುರಾಸಿಕ್ ಕಾಲದಲ್ಲಿ ಸಮುದ್ರದ ತಳದಲ್ಲಿ ಕೂತು ಗಟ್ಟಿಯಾದ ಕಲ್ಲು. ಅದೇ ಬೆಟ್ಟಗಳ ಒಂದು ಸುಣ್ಣದಕಲ್ಲಿನ ಕ್ವಾರಿಯಲ್ಲಿ 1994ರಲ್ಲಿ ದೈತ್ಯ ಡೈನೋಸಾರ್‌ಗಳ ಹೆಜ್ಜೆಗುರುತಿನ ಸಾಲುಗಳು ಸಿಕ್ಕವು. ಕ್ವಾರಿ ಕೆಲಸ ನಿಲ್ಲಿಸಿ ಆ ಜಾಗವನ್ನು ಉಳಿಸಿಕೊಂಡಿದ್ದಾರೆ. ಸಮಯವಿದ್ದರೆ ಮಗ ಅಲ್ಲಿಗೂ ಕರೆದುಕೊಂಡು ಹೋಗಲಿ.

ನಮ್ಮ ಶಹಾಬಾದ್ ಕಲ್ಲು ನಿಮಗೆ ಗೊತ್ತೇ ಇದೆ. ಕಲಬುರಗಿ ಕಡೆಯ ಆ ಕಲ್ಲೂ ಸುಣ್ಣದಕಲ್ಲೇ. ವಯಸ್ಸು ಬೇರೆ, ಬಣ್ಣ ಬೇರೆ, ಆದರೆ ಗುಣ ಒಂದೇ. ಹಳೇ ಮನೆಯ ಶಹಾಬಾದ್ ನೆಲಕ್ಕೆ ನೀರು ಚೆಲ್ಲಿ ಮೇಲೆ ಕಾಲಿಟ್ಟವರಿಗೆ ಲಿಸ್ಬನ್ನಿನ ಮಳೆಗಾಲದ ಫುಟ್‌ಪಾತ್ ಹೇಗಿರುತ್ತದೆ ಅಂತ ಬಿಡಿಸಿ ಹೇಳಬೇಕಾಗಿಲ್ಲ.

ಯಾಕೆ ಹೀಗೆ? ಸುಣ್ಣದಕಲ್ಲಿನಲ್ಲಿ ಇರುವುದು ಬಹುಪಾಲು ಒಂದೇ ಖನಿಜ, ಕ್ಯಾಲ್ಸೈಟ್. ಅದು ಮೆದು. ಖನಿಜಗಳ ಗಟ್ಟಿತನ ಅಳೆಯುವ ಮೋಹ್ಸ್ ಪಟ್ಟಿಯಲ್ಲಿ ಕ್ಯಾಲ್ಸೈಟ್‌ಗೆ 3ನೇ ಸ್ಥಾನ. ನಮ್ಮ ಚಪ್ಪಲಿಗೆ ಅಂಟುವ ಮರಳಿನ ಕಣದಲ್ಲಿರುವ ಬೆಣಚುಕಲ್ಲಿಗೆ 7. ಅಂದರೆ ನಡೆಯುವ ಪ್ರತಿಯೊಬ್ಬರೂ ಗಟ್ಟಿ ಪುಡಿಯಿಂದ ಮೆದು ಕಲ್ಲನ್ನು ಉಜ್ಜುತ್ತಾ ಹೋಗುತ್ತಾರೆ. ಕಲ್ಲಿನುದ್ದಕ್ಕೂ ಒಂದೇ ಖನಿಜ ಇರುವುದರಿಂದ ಅದು ಎಲ್ಲಾ ಕಡೆ ಸಮನಾಗಿ ಸವೆಯುತ್ತದೆ, ಕೊನೆಗೆ ಪಾಲಿಶ್ ಆಗುತ್ತದೆ. ಗ್ರಾನೈಟ್ ಹಾಗಲ್ಲ. ಅದರಲ್ಲಿ ಗಟ್ಟಿ ಹರಳು, ಅಷ್ಟು ಗಟ್ಟಿಯಲ್ಲದ ಹರಳು ಎರಡೂ ಬೆರೆತಿರುತ್ತವೆ. ಒಂದು ಬೇಗ ಸವೆಯುತ್ತದೆ, ಇನ್ನೊಂದು ನಿಧಾನವಾಗಿ. ಹಾಗಾಗಿ ಮೇಲ್ಮೈ ತರಿತರಿಯಾಗಿಯೇ ಉಳಿಯುತ್ತದೆ. ಪಾಲಿಶ್ ಆದ ಕಲ್ಲಿನ ಮೇಲೆ ತೆಳ್ಳಗೆ ನೀರು ನಿಂತರೆ ಅಂಗಾಲಿಗೂ ಕಲ್ಲಿಗೂ ನಡುವೆ ಹಿಡಿತ ತಪ್ಪುತ್ತದೆ. ಜೋರು ಮಳೆಗಿಂತ ತುಂತುರು ಮಳೆ ಅಪಾಯ. ಜೋರು ಮಳೆ ಕೊಳೆಯನ್ನು ತೊಳೆದುಕೊಂಡು ಹೋಗುತ್ತದೆ, ತುಂತುರು ಅದನ್ನು ಕಲಸಿ ಅಲ್ಲೇ ಬಿಡುತ್ತದೆ.

ಜಾರುವುದಕ್ಕೆ ಕಲ್ಲು ಅರ್ಧ ಕಾರಣ. ಹಾಸಿದ ರೀತಿ ಇನ್ನರ್ಧ. ಇದನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ. ಸಿಮೆಂಟ್ ಬಗ್ಗೆ ನೀವು ಕೇಳಿದ್ದಕ್ಕೆ ಉತ್ತರವೂ ಇದರಲ್ಲೇ ಇದೆ.

ಕಲ್ಸೆತೈರು ಕೆಲಸ ಮಾಡುವುದನ್ನು ನೋಡಲು ಸಿಕ್ಕರೆ ಹತ್ತು ನಿಮಿಷ ನಿಂತು ನೋಡಿ. ನೆಲವನ್ನು ಗಟ್ಟಿ ಮಾಡಿ, ಮೇಲೆ ಜಲ್ಲಿ ಹರಡಿ ಕೂರಿಸಿ, ಅದರ ಮೇಲೆ ಕಲ್ಲುಪುಡಿಯದೋ ಮರಳಿನದೋ ಒಂದು ಹಾಸು ಹಾಕಿರುತ್ತಾರೆ. ಆತ ಒಂದು ಗಿಡ್ಡ ಮಣೆಯ ಮೇಲೆ ಕೂತಿರುತ್ತಾನೆ, ಎಷ್ಟೋ ಸಲ ನೆಲದ ಮೇಲೆ ಮಂಡಿಯೂರಿ. ಪಕ್ಕದಲ್ಲಿ ಕಲ್ಲಿನ ರಾಶಿ. ಫುಟ್‌ಪಾತಿನ ಕಲ್ಲು ಸಾಮಾನ್ಯವಾಗಿ ಒಂದೊಂದೂ 5 ಸೆಂಟಿಮೀಟರ್ ಆಸುಪಾಸಿನದು. ಒಂದನ್ನು ಎತ್ತಿ ಎಡಗೈಯ ಅಂಗೈಯಲ್ಲಿ ಇಟ್ಟುಕೊಳ್ಳುತ್ತಾನೆ. ಬಲಗೈಯಲ್ಲಿ ಚಿಕ್ಕ ಸುತ್ತಿಗೆ. ಒಂದು ಏಟು, ಕಲ್ಲನ್ನು ತಿರುಗಿಸಿ ಇನ್ನೊಂದು ಏಟು. ಬೇಡದ ಚೂರು ಹಾರಿಹೋಗುತ್ತದೆ. ಕಲ್ಲಿನ ಬುಡ ತಲೆಗಿಂತ ಒಂಚೂರು ಕಿರಿದಾಗಿರುವ ಹಾಗೆ ಕೆತ್ತುತ್ತಾನೆ. ಆಗ ಮೇಲ್ಗಡೆ ಕಲ್ಲಿಗೆ ಕಲ್ಲು ಒತ್ತಿ ಕೂರುತ್ತದೆ, ಕೆಳಗಡೆ ಪುಡಿ ತುಂಬಿಕೊಳ್ಳಲು ಜಾಗ ಸಿಗುತ್ತದೆ. ಚಿತ್ತಾರ ಬೇಕಾದ ಕಡೆ ಮರದ ಅಥವಾ ಲೋಹದ ಅಚ್ಚು ಇಡುತ್ತಾರೆ. ಅಚ್ಚಿನ ಅಂಚಿಗೆ ಸರಿಯಾಗಿ ಒಂದು ಬಣ್ಣದ ಕಲ್ಲು ಕೂರಿಸಿ, ಅಚ್ಚು ತೆಗೆದು, ಉಳಿದ ಜಾಗಕ್ಕೆ ಇನ್ನೊಂದು ಬಣ್ಣದ ಕಲ್ಲು ತುಂಬುತ್ತಾರೆ. ಆಮೇಲೆ ಸಂದುಗಳಿಗೆ ಪುಡಿ ಗುಡಿಸಿ, ನೀರು ಚಿಮುಕಿಸಿ, ದಮ್ಮಸ್ಸಿನಿಂದ ಬಡಿದು ಮಟ್ಟ ಮಾಡುತ್ತಾರೆ.

ಚಿತ್ತಾರ ಇಲ್ಲದ ಬರೀ ಬಿಳಿ ಫುಟ್‌ಪಾತಿನಲ್ಲೂ ಒಂದು ಕ್ರಮ ಇರುತ್ತದೆ. ಬಹಳ ಕಡೆ ಚೌಕ ಕಲ್ಲುಗಳ ಸಾಲು ಗೋಡೆಗೆ ನೇರವಾಗಿ ಹೋಗುವುದಿಲ್ಲ, 45 ಡಿಗ್ರಿ ಓರೆಯಾಗಿ ಹೋಗುತ್ತದೆ. ಇನ್ನು ಕೆಲವು ಕಡೆ ಕಲ್ಲಿಗೆ ಒಂದೇ ಆಕಾರ ಇರುವುದಿಲ್ಲ. ಆದರೂ ಒಂದಕ್ಕೊಂದು ಬಿಗಿಯಾಗಿ ಕಚ್ಚಿಕೊಂಡಿರುತ್ತವೆ. ನನಗೆ ಕೇಳಿದರೆ ಕೆಲಸಗಾರನ ಕೈ ಎಂಥದ್ದು ಅಂತ ಗೊತ್ತಾಗುವುದು ಹೂವು-ಹಡಗಿನ ಚಿತ್ರದಲ್ಲಲ್ಲ, ಈ ಸಾದಾ ಹಾಸಿನಲ್ಲಿ.

ಬಿಗಿಯಾಗಿ ಹಾಸಿದ್ದರೆ ಕಾಲಿಗೆ ಆಧಾರ ಕೊಡುವುದು ಆ ಸಣ್ಣ ಸಂದುಗಳೇ. ಒಂದು ಹೆಜ್ಜೆ ಊರಿದರೆ ಅಂಗಾಲಿನ ಕೆಳಗೆ ಹತ್ತಾರು ಕಲ್ಲಿನ ಅಂಚು ಬರುತ್ತದೆ. ಕಲ್ಲಿನ ತಲೆ ಪಾಲಿಶ್ ಆಗಿದ್ದರೂ ಅಂಚು ಹಿಡಿಯುತ್ತದೆ. ಸಂದಿನಲ್ಲಿ ನೀರೂ ಇಳಿದುಹೋಗುತ್ತದೆ. ಆದರೆ ಕೇಬಲ್ಲಿಗೋ ಪೈಪಿಗೋ ಅಂತ ಯಾರೋ ಅಗೆದು, ಕೆಲಸ ಬಾರದವರ ಕೈಯಲ್ಲಿ ಕಲ್ಲನ್ನು ವಾಪಸ್ ತುರುಕಿಸಿದರೆ ಸಂದು ಎರಡು ಬೆರಳಗಲ ಆಗುತ್ತದೆ. ಪುಡಿ ಕೊಚ್ಚಿಹೋಗುತ್ತದೆ, ಕಲ್ಲು ಅಲುಗಾಡುತ್ತದೆ. ಒಂದು ಕಿತ್ತರೆ ಪಕ್ಕದ ನಾಲ್ಕಕ್ಕೆ ಆಧಾರ ತಪ್ಪುತ್ತದೆ. ಫುಟ್‌ಪಾತ್ ಮೇಲೆ ಕಾರು ಹತ್ತಿಸುವವರಿಂದಲೂ ಇದೇ ಗತಿ. ಮನುಷ್ಯರ ಭಾರಕ್ಕೆ ಹಾಸಿದ್ದು ಕಾರಿನ ಭಾರ ತಡೆಯುವುದಿಲ್ಲ, ಅಲ್ಲಲ್ಲಿ ಕುಸಿಯುತ್ತದೆ. ವಯಸ್ಸಾದವರು ಮುಗ್ಗರಿಸುವುದಕ್ಕೆ ಪಾಲಿಶ್ ಆದ ಕಲ್ಲಿನಷ್ಟೇ ಇಂಥ ಗುಂಡಿಗಳೂ ಕಾರಣ.

ಈಗ ಸಿಮೆಂಟ್ ವಿಷಯ. ಇದು ಅಲ್ಲಿಯವರೇ ಜಗಳವಾಡುವ ವಿಷಯ. 2014ರಲ್ಲಿ ಲಿಸ್ಬನ್ ನಗರಾಡಳಿತ ಪಾದಚಾರಿಗಳಿಗಾಗಿ ಒಂದು ಯೋಜನೆಗೆ ಒಪ್ಪಿಗೆ ಕೊಟ್ಟಿತು. ಹಳೇ ಪೇಟೆಗಳಲ್ಲಿ, ಚಿತ್ತಾರ ಇರುವ ಕಡೆ ಕಲ್ಸಾದಾ ಉಳಿಸುವುದು, ಉಳಿದ ಕಡೆ ಜಾರದ, ಸಮತಟ್ಟಾದ ನೆಲಕ್ಕೆ ದಾರಿ ಮಾಡುವುದು ಅದರ ಒಟ್ಟು ಆಶಯ. ಊರಿನ ಗುರುತೇ ಹೋಗುತ್ತದೆ ಅಂತ ಒಂದು ಗುಂಪು ಸಹಿ ಸಂಗ್ರಹಕ್ಕೆ ಇಳಿಯಿತು. ಗಾಲಿಕುರ್ಚಿಯವರು, ವಯಸ್ಸಾದವರು, ಮಗುವಿನ ಗಾಡಿ ತಳ್ಳುವವರು ನಮ್ಮ ಕಷ್ಟ ಕೇಳುವವರು ಯಾರು ಅಂದರು.

ಕಡಿದಾದ ಇಳಿಜಾರಿನಲ್ಲಿ ಬರೀ ಸುಣ್ಣದಕಲ್ಲು ಹಾಸುವುದನ್ನು ನಾನು ಒಪ್ಪುವುದಿಲ್ಲ. ಅಲ್ಲಿ ಗ್ರಾನೈಟ್ ಬೆರೆಸಬೇಕು, ಮೆಟ್ಟಿಲು ಮಾಡಬೇಕು, ಹಿಡಿಯಲು ಕಂಬಿ ಹಾಕಬೇಕು. ಅಗಲವಾದ ಫುಟ್‌ಪಾತಿನಲ್ಲಿ ಮಧ್ಯೆ ಒಂದು ಸಮತಟ್ಟಾದ, ಜಾರದ ಪಟ್ಟಿ ಬಿಟ್ಟು ಎರಡೂ ಬದಿಗೆ ಕಲ್ಸಾದಾ ಉಳಿಸಬಹುದು. ಗಾಲಿಕುರ್ಚಿಯವರ ದೂರು ನ್ಯಾಯವಾದದ್ದು, ಚೆಂದದ ಹೆಸರಲ್ಲಿ ಅದನ್ನು ತಳ್ಳಿಹಾಕಬಾರದು. ಆದರೆ ಸಮತಟ್ಟು ನೆಲದಲ್ಲಿ ಇದನ್ನು ಕಿತ್ತು ಕಾಂಕ್ರೀಟ್ ಸುರಿಯುವುದರಲ್ಲಿ ಅರ್ಥವಿಲ್ಲ. ಗಾರೆ ಇಲ್ಲದೆ ಬರೀ ಪುಡಿಯ ಮೇಲೆ ಕೂತ ಹಾಸು ಇದು. ಮಳೆನೀರು ಸ್ವಲ್ಪವಾದರೂ ನೆಲಕ್ಕೆ ಇಂಗುತ್ತದೆ. ಕೆಳಗೆ ಪೈಪು ಒಡೆದರೆ ಕಲ್ಲು ಎತ್ತಿ, ರಿಪೇರಿ ಮಾಡಿ, ಅದೇ ಕಲ್ಲು ವಾಪಸ್ ಹಾಕಬಹುದು. ಮೇಲ್ಮೈ ಸವೆದರೆ ಮಗುಚಿ ಮತ್ತೆ ಕೆತ್ತಿ ಬಳಸಬಹುದು. ಕಾಂಕ್ರೀಟ್ ಒಡೆದರೆ ಉಳಿಯುವುದು ಕಸ ಮಾತ್ರ. ಬೇಗ ಮುಗಿಯಲಿ ಅಂತ ಕಲ್ಲಿನ ಕೆಳಗೆ ಗಟ್ಟಿ ಸಿಮೆಂಟ್ ಗಾರೆ ಹಾಕುವುದಂತೂ ಎರಡೂ ಕೆಟ್ಟ ಹಾಗೆ: ನೀರೂ ಇಂಗುವುದಿಲ್ಲ, ಕಲ್ಲನ್ನೂ ಬಿಡಿಸಿ ತೆಗೆಯಲಾಗುವುದಿಲ್ಲ.

ನಿಜವಾದ ಕೊರತೆ ಇರುವುದು ಕೆಲಸ ಬಲ್ಲವರದು. ಬಿಸಿಲು, ಮಳೆ ಅನ್ನದೆ ದಿನವಿಡೀ ಬಗ್ಗಿ ಕೂರುವ ಕೆಲಸ. ಬೆನ್ನು, ಮಂಡಿ ಎರಡೂ ಹೋಗುತ್ತವೆ. ಸಂಬಳವೂ ಅಷ್ಟಕ್ಕಷ್ಟೆ. ಹೊಸಬರು ಬರುವುದು ಕಡಿಮೆಯಾಯಿತು ಅಂತಲೇ ನಗರಾಡಳಿತ 1986ರಲ್ಲಿ ಕಲ್ಸೆತೈರುಗಳಿಗೆಂದೇ ಒಂದು ಶಾಲೆ ಶುರುಮಾಡಿತು. ಅದು ಇವತ್ತಿಗೂ ಇದೆ. 2021ರಲ್ಲಿ ಈ ಕಸುಬು ಪೋರ್ಚುಗಲ್‌ನ ರಾಷ್ಟ್ರೀಯ ಪರಂಪರೆ ಪಟ್ಟಿಗೂ ಸೇರಿತು. ಪಟ್ಟಿಗೆ ಸೇರಿಸುವುದು ಒಳ್ಳೆಯದೇ. ಅದಕ್ಕಿಂತ ಮೊದಲು ಕೂಲಿ ಜಾಸ್ತಿ ಮಾಡಬೇಕು ಅನ್ನುವುದು ನನ್ನ ಅಭಿಪ್ರಾಯ.

ಇದೆಲ್ಲ ಶುರುವಾದದ್ದು ಹೇಗೆ ಅಂತ ಮಗ ಕೇಳಿದರೆ ಇಷ್ಟು ಹೇಳಿ. ಈಗ ನಾವು ನೋಡುವ ಕಪ್ಪು-ಬಿಳಿ ಚಿತ್ತಾರಕ್ಕೆ ಇನ್ನೂರು ವರ್ಷವೂ ಆಗಿಲ್ಲ. 1842ರಲ್ಲಿ ಲಿಸ್ಬನ್ನಿನ ಗುಡ್ಡದ ಮೇಲಿನ ಸಾವ್ ಜೊರ್ಜ್ ಕೋಟೆಯ ಸೇನಾಧಿಕಾರಿಯಾಗಿದ್ದ ಎವುಜೇಬಿಯು ಫುರ್ತಾದು ಅಲ್ಲಿನ ಕೈದಿಗಳ ಕೈಯಲ್ಲಿ ಕೋಟೆಯ ಅಂಗಳಕ್ಕೆ ಅಂಕುಡೊಂಕು ಗೆರೆಗಳ ಹಾಸು ಹಾಕಿಸಿದ. ಕಾಲಿಗೆ ಕೋಳ ತೊಡಿಸಿದ್ದ ಕೈದಿಗಳು ಅವರು. ಜನ ಅದನ್ನು ನೋಡಲು ಗುಡ್ಡ ಹತ್ತಿ ಬರತೊಡಗಿದರು. ಆಮೇಲೆ ಅದೇ ಅಧಿಕಾರಿಗೆ ಊರಿನ ನಡುವಿನ ರೊಸಿಯೊ ಚೌಕದ ಕೆಲಸ ಸಿಕ್ಕಿತು. 1848ರಲ್ಲಿ ಶುರುವಾಗಿ 1849ರಲ್ಲಿ ಮುಗಿಯಿತು. ಸುಮಾರು 8,700 ಚದರ ಮೀಟರ್ ನೆಲದ ಮೇಲೆ ಕಪ್ಪು-ಬಿಳಿ ಅಲೆಗಳು. ಅಲ್ಲಿಂದ ಈ ಅಲೆಗಳು ದೂರದೂರಕ್ಕೆ ಹೋದವು: ಬ್ರೆಜಿಲ್‌ನ ಮನೌಸ್, ರಿಯೊ ಡಿ ಜನೈರೊದ ಕೋಪಕಬಾನಾ ಕಡಲತೀರ, ಚೀನಾದ ಮಕಾವು. ಇವತ್ತು ನಾವು ನೋಡುವ ಕೋಪಕಬಾನಾ ಹಾಸಿನ ವಿನ್ಯಾಸ 1970ರಲ್ಲಿ ಬ್ರೆಜಿಲ್‌ನ ಉದ್ಯಾನ ವಿನ್ಯಾಸಕ ರೊಬೆರ್ತೊ ಬುರ್ಲೆ ಮಾರ್ಕ್ಸ್ ಮಾಡಿದ್ದು.

ಗೈಡುಗಳು ಒಂದು ಘೇಂಡಾಮೃಗದ ಕಥೆ ಹೇಳುತ್ತಾರೆ. ಗುಜರಾತಿನ ಸುಲ್ತಾನ ಕೊಟ್ಟ ಘೇಂಡಾಮೃಗವನ್ನು ಗೋವಾದಿಂದ ಹಡಗಿನಲ್ಲಿ ಲಿಸ್ಬನ್ನಿಗೆ ಕಳಿಸಿದ್ದು, ಅದು 1515ರಲ್ಲಿ ಅಲ್ಲಿಗೆ ತಲುಪಿದ್ದು ನಿಜ. ಅದರ ಮೆರವಣಿಗೆಯಲ್ಲಿ ರಾಜನ ಪರಿವಾರಕ್ಕೆ ಕೆಸರು ಸಿಡಿಯಬಾರದು ಅಂತ ಬೀದಿಗೆ ಕಲ್ಲು ಹಾಸಿದರು ಅನ್ನುವುದನ್ನು ಮಾತ್ರ ನಾನು ನಂಬುವುದಿಲ್ಲ. ಬೀದಿಗೆ ಕಲ್ಲು ಹಾಸಲು ರಾಜ ಮನುವೆಲ್ ಆಜ್ಞೆ ಕೊಟ್ಟದ್ದು 1498ರಲ್ಲಿ ಮತ್ತು 1500ರಲ್ಲಿ. ಆಗಿನ್ನೂ ಘೇಂಡಾಮೃಗದ ಸುದ್ದಿಯೇ ಇರಲಿಲ್ಲ. ಅದೂ ಅಲ್ಲದೆ ಆಗ ಹಾಸಿದ ಕಲ್ಲು ಗ್ರಾನೈಟ್, ಈ ಚಿತ್ತಾರಕ್ಕೂ ಅದಕ್ಕೂ ಸಂಬಂಧವಿಲ್ಲ.

ಇನ್ನು ನಡೆಯುವ ವಿಷಯಕ್ಕೆ ಬರೋಣ. ನೀವು ಹೋಗುವ ಅಕ್ಟೋಬರ್ ಕೊನೆ ಸ್ವಲ್ಪ ಎಚ್ಚರದ ಕಾಲ. ಲಿಸ್ಬನ್ನಿನಲ್ಲಿ ಬೇಸಿಗೆಯಲ್ಲಿ ಮಳೆ ಬಹಳ ಕಡಿಮೆ. ಶರತ್ಕಾಲದಲ್ಲಿ ಮಳೆ ಶುರು. ಬೇಸಿಗೆಯಿಡೀ ಕೂತ ಧೂಳು, ಎಣ್ಣೆಜಿಡ್ಡು ಮೊದಲ ಮಳೆಗಳಲ್ಲಿ ನೆನೆದು ಲೋಳೆಯಾಗುತ್ತದೆ. ಅದೇ ಹೊತ್ತಿಗೆ ಮರಗಳಿಂದ ಎಲೆ ಉದುರಿರುತ್ತದೆ. ಒದ್ದೆ ಎಲೆಯ ಮೇಲೆ ಕಾಲಿಡಬೇಡಿ, ಅದರ ಕೆಳಗಿನ ಕಲ್ಲು ಹೇಗಿದೆ ಅಂತ ಕಾಣುವುದಿಲ್ಲ. ಮಳೆ ನಿಂತ ತಕ್ಷಣ ಹೊರಡುವುದಕ್ಕಿಂತ ಅಲ್ಲೇ ಒಂದು ಕಾಫಿ ಕುಡಿದು, ನೆಲ ಸ್ವಲ್ಪ ಆರಿದ ಮೇಲೆ ಹೊರಡಿ.

ಪಾದರಕ್ಷೆ: ಮೆತ್ತನೆ ರಬ್ಬರ್ ಅಟ್ಟೆಯ, ಹಿಂದೆ ಮುಂದೆ ಪೂರ್ತಿ ಮುಚ್ಚುವ, ಲೇಸ್ ಅಥವಾ ವೆಲ್ಕ್ರೊ ಇರುವ ಶೂ. ಅಟ್ಟೆಯನ್ನು ಉಗುರಿನಿಂದ ಒತ್ತಿ ನೋಡಿ. ಸ್ವಲ್ಪ ಒಳಗೆ ಹೋದರೆ ಒಳ್ಳೆಯದು. ಕಲ್ಲಿನಂತೆ ಗಟ್ಟಿ ಪ್ಲಾಸ್ಟಿಕ್ ಆದರೆ ಬೇಡ. ಅಡಿಯಲ್ಲಿ ಆಳವಾದ ದೊಡ್ಡ ಗೀರುಗಳಿಗಿಂತ ಸಣ್ಣ ಸಣ್ಣ ಗೀರುಗಳು ಜಾಸ್ತಿ ಇದ್ದರೆ ಒದ್ದೆ ಕಲ್ಲಿನ ಮೇಲೆ ಅನುಕೂಲ. ಚರ್ಮದ ಅಟ್ಟೆ, ಹೀಲ್ಸ್, ಸವೆದ ಹವಾಯಿ ಚಪ್ಪಲಿ ಮೂರೂ ಬೇಡ. ಹೊಸ ಶೂ ಆದರೆ ಇಲ್ಲೇ ಕೆಲವು ವಾರ ಹಾಕಿಕೊಂಡು ನಡೆದು ಕಾಲಿಗೆ ಒಗ್ಗಿಸಿಕೊಳ್ಳಲಿ. ಅತ್ತೆಯವರು ಸೀರೆಯೇ ಉಡುವುದಾದರೆ ಎರಡು ಬೆರಳು ಮೇಲಕ್ಕೆ ಉಡಲಿ. ಇಳಿಜಾರಿನಲ್ಲಿ ತಾವು ಕಾಲಿಡುವ ಜಾಗ ಅವರಿಗೆ ಕಾಣಬೇಕು.

ಕೋಲಿನ ತುದಿಯ ರಬ್ಬರ್ ಬುರುಡೆಯನ್ನು ಈಗಲೇ ತಿರುಗಿಸಿ ನೋಡಿ. ಸವೆದು ನುಣ್ಣಗಾಗಿದ್ದರೆ ಹೊಸದು ಹಾಕಿಸಿ, ಅಗಲವಾದದ್ದೇ ಇರಲಿ. ಸಣ್ಣ ತುದಿ ಕಿತ್ತುಹೋದ ಕಲ್ಲಿನ ಗುಂಡಿಗೆ ಸಿಕ್ಕಿಕೊಳ್ಳುತ್ತದೆ. ಗಾಲಿಕುರ್ಚಿ ಬಾಡಿಗೆಗೆ ತೆಗೆದುಕೊಳ್ಳುವುದಾದರೆ ಮುಂದಿನ ಗಾಲಿ ದೊಡ್ಡದಿರುವುದನ್ನು ಕೇಳಿ. ಪುಟ್ಟ ಗಾಲಿಯದು ಈ ಕಲ್ಲಿನ ಮೇಲೆ ಕೂತವರ ಬೆನ್ನನ್ನು ಅಲ್ಲಾಡಿಸಿಬಿಡುತ್ತದೆ.

ಇಳಿಯುವಾಗ ಹೆಜ್ಜೆ ಚಿಕ್ಕದಿರಲಿ, ಮಂಡಿ ಸ್ವಲ್ಪ ಬಗ್ಗಿರಲಿ, ಹಿಮ್ಮಡಿ ಮೊದಲು ಊರದೆ ಪಾದ ಪೂರ್ತಿ ಊರಲಿ. ಹತ್ತುವುದಕ್ಕಿಂತ ಇಳಿಯುವಾಗಲೇ ಜನ ಬೀಳುವುದು. ಎಲ್ಲರೂ ನಡೆಯುವ ಮಧ್ಯದ ಕಲ್ಲು ಜಾಸ್ತಿ ಪಾಲಿಶ್ ಆಗಿರುತ್ತದೆ. ಗೋಡೆಯ ಪಕ್ಕದ ಕಲ್ಲು ತರಿಯಾಗಿರುತ್ತದೆ, ಕೈಗೂ ಆಧಾರ ಸಿಗುತ್ತದೆ. ಬಿಸಿಲಿನ ಎದುರು ನೋಡಿದರೆ ಹೊಳೆಯುವ ಕಲ್ಲು ಕಣ್ಣಿಗೆ ಬೀಳುತ್ತದೆ. ಅಲ್ಲಿ ಬಳಸಿಕೊಂಡು ಹೋಗಿ. ಟ್ರಾಮ್ ಹಳಿ ದಾಟುವಾಗ ಹಳಿಯನ್ನು ಮೆಟ್ಟಬೇಡಿ, ಒದ್ದೆಯಾದ ಕಬ್ಬಿಣ ಈ ಕಲ್ಲಿಗಿಂತಲೂ ಜಾರುತ್ತದೆ.

ಅತ್ತೆಯವರನ್ನು ನಡೆಸಲು ಒಳ್ಳೆಯ ಜಾಗಗಳು ಬೇಕಾದಷ್ಟಿವೆ. ಬೈಶಾ ಸಮತಟ್ಟು. 1755ರ ಭೂಕಂಪದ ನಂತರ ನೇರ ಬೀದಿಗಳಾಗಿ ಕಟ್ಟಿದ ಪೇಟೆ ಅದು. ಬೆಲೇಂನಲ್ಲಿ ನದಿಯ ಪಕ್ಕದ ದಾರಿಯೂ ಸಮ. ಊರಿನ ಪೂರ್ವಕ್ಕೆ, 1998ರ ಎಕ್ಸ್‌ಪೊ ನಡೆದ ಜಾಗದಲ್ಲಿ ಈ ಕಾಲದ ಕಲಾವಿದರು ಮಾಡಿದ ಹಾಸುಗಳಿವೆ. ಅಲ್ಲಿ ದಾರಿಯೂ ಅಗಲ. ಬೈಶಾದಿಂದ ಮೇಲಿನ ಶಿಯಾದುಗೆ ನಡೆದು ಹತ್ತಬೇಡಿ. ಬೈಶಾ-ಶಿಯಾದು ಮೆಟ್ರೊ ನಿಲ್ದಾಣದ ಎಸ್ಕಲೇಟರ್‌ಗಳು ಕೆಳಗಿನ ಬೀದಿಯಿಂದ ಮೇಲಿನ ಚೌಕದವರೆಗೆ ತಲುಪಿಸುತ್ತವೆ. ಕೋಟೆಗೆ 737ನೇ ನಂಬರ್ ಬಸ್ ಹೋಗುತ್ತದೆ. ಗುಡ್ಡದ ಇಳಿಜಾರಿನ ಹಳೇ ಪೇಟೆಗಳಾದ ಅಲ್ಫಾಮಾ, ಮೊರಾರಿಯಾ ಓಣಿಗಳನ್ನು ಮಳೆಯ ದಿನ ಬಿಟ್ಟುಬಿಡಿ. ಒಣಗಿದ ದಿನ ಹೋದರೂ ಮೇಲಿನಿಂದ ಇಳಿಯುವುದಕ್ಕಿಂತ ಕೆಳಗಿನಿಂದ ನಿಧಾನವಾಗಿ ಹತ್ತಿ, ವಾಪಸ್ ಬರಲು ಗಾಡಿ ಹಿಡಿಯಿರಿ. ಅಲ್ಫಾಮಾದಲ್ಲಿ ನೋಡಲೇಬೇಕಾದದ್ದು ಒಂದಿದೆ: ವಿಲ್ಸ್ ಅನ್ನುವ ಕಲಾವಿದ ಕಲ್ಸೆತೈರುಗಳ ಜೊತೆ ಸೇರಿ 2015ರಲ್ಲಿ ಮಾಡಿದ, ಪೋರ್ಚುಗಲ್‌ನ ಫಾದು ಅನ್ನುವ ಹಾಡಿನ ಗಾಯಕಿ ಅಮಾಲಿಯಾ ರೊದ್ರಿಗೆಸ್ ಅವರ ಮುಖ. ನೆಲದ ಕಲ್ಲೇ ಎದ್ದು ಗೋಡೆಗೆ ಹತ್ತಿದ ಹಾಗೆ ಮಾಡಿದ್ದಾರೆ.

ರೊಸಿಯೊ ಚೌಕದಲ್ಲಿ ಒಂದು ಎಚ್ಚರ. ನೆಲ ಸಮತಟ್ಟಾಗಿಯೇ ಇದೆ, ಆದರೆ ಅಲೆಗಳು ಕಣ್ಣಿಗೆ ಏರಿಳಿದ ಹಾಗೆ ಕಾಣುತ್ತವೆ. ಹಿಂದಿನ ಕಾಲದ ಇಂಗ್ಲಿಷರು ಅದನ್ನು ತೂಗಾಡುವ ಚೌಕ ಅಂತ ಕರೆಯುತ್ತಿದ್ದರು. ಅತ್ತೆಯವರಿಗೆ ತಲೆಸುತ್ತಿನ ತೊಂದರೆ ಇದ್ದರೆ ಮೊದಲು ಅಂಚಿನಲ್ಲಿ ಕೂತು ನೋಡಲಿ. ಆಮೇಲೆ ನಿಮ್ಮ ಕೈ ಹಿಡಿದು, ನೆಲದ ಬದಲು ಎದುರಿನ ಕಟ್ಟಡ ನೋಡುತ್ತಾ ದಾಟಲಿ. ಪಕ್ಕದಲ್ಲೇ ರೆಸ್ತೌರಾದೊರೆಸ್ ಚೌಕವಿದೆ. ಅಲ್ಲಿ ಕಲ್ಸೆತೈರುಗಳ ಕಂಚಿನ ಪ್ರತಿಮೆಗಳಿವೆ. ಕೆಲಸ ಮಾಡುವವರನ್ನು ನೋಡಲು ಸಿಗದಿದ್ದರೆ ಅವರು ಹೇಗೆ ಕೂತು ಕೆಲಸ ಮಾಡುತ್ತಾರೆ ಅನ್ನುವುದು ಅಲ್ಲಿ ತಿಳಿಯುತ್ತದೆ.

ಕಿತ್ತು ಬಿದ್ದ ಕಲ್ಲು ದಾರಿಯಲ್ಲಿ ಸಿಕ್ಕರೆ ನೆನಪಿಗೆ ಇರಲಿ ಅಂತ ಚೀಲಕ್ಕೆ ಹಾಕಿಕೊಳ್ಳಬೇಡಿ. ಪ್ರವಾಸಿಗರು ಸುಮ್ನೆ ಹಾಗೆ ಮಾಡುತ್ತಾರೆ. ಗುಂಡಿಯ ಪಕ್ಕದಲ್ಲೇ ಬಿಟ್ಟರೆ ರಿಪೇರಿಗೆ ಬಂದವರು ಅದನ್ನೇ ಕೂರಿಸುತ್ತಾರೆ. ಮನೆಯ ಹತ್ತಿರ ಗುಂಡಿ ಬಿದ್ದಿದ್ದರೆ ಮಗನಿಗೆ ಹೇಳಿ. ಲಿಸ್ಬನ್ ನಗರಾಡಳಿತಕ್ಕೆ ‘ನಾ ಮಿನ್ಯಾ ರುವಾ’ ಅನ್ನುವ ಆ್ಯಪ್ ಇದೆ. ಫೋಟೊ, ಜಾಗದ ಗುರುತು ಹಾಕಿ ಅದರಲ್ಲಿ ದೂರು ಕೊಡಬಹುದು. ನೀವು ಹೋಗುವ ಮುಂಚೆಯೇ ಅವನು ಮನೆಯಿಂದ ಬಸ್ ಸ್ಟಾಪಿನವರೆಗೆ ಒಂದು ಸಲ ನೋಡಿಕೊಂಡು ಬರಲಿ. ಅಲ್ಲಾಡುವ ಕಲ್ಲು ಎಲ್ಲೆಲ್ಲಿದೆ ಅಂತ ಈಗಲೇ ಬರೆದು ಕಳಿಸಿದರೆ ನೀವು ತಲುಪುವ ಹೊತ್ತಿಗೆ ಸರಿಯಾಗಿದ್ದರೂ ಇರಬಹುದು.